ಮಡಕೆಯಲ್ಲಿಟ್ಟ ಅಂಗಿ

ಮೊನ್ನೆ ಸಂಜೆ ನನ್ನ ಮೊಮ್ಮಗಳು ಕುಂಟುತ್ತಾ ಬಂದು ಜಗಲಿಯ ಮೇಲೆ ಕೂತು ಚೀಲ ಬಿಚ್ಚಿದಳು. ಮೊದಲು ಮೂಗಿಗೆ ಬಡಿದದ್ದು ಕರಗಿದ ಮೇಣದ ವಾಸನೆ. ಅದರ ಹಿಂದೆಯೇ ಬಾಡಿದ ಚೆಂಡುಹೂವಿನದು. ಹುಣಸೆಹಣ್ಣು ಕುಟ್ಟಿ ಬೀಜ ತೆಗೆಯುತ್ತಿದ್ದವಳು ಕೈ ನಿಲ್ಲಿಸಿಬಿಟ್ಟೆ. ಚೀಲದಿಂದ ಒಂದು ಬಿಳಿ ಕರ್ಚೀಫು ತೆಗೆದು ನನ್ನ ಮಡಿಲಿಗೆ ಹಾಕಿ, “ಅಜ್ಜಿ, ಸಂತರ ಗಾಜಿನ ಪೆಟ್ಟಿಗೆಗೆ ಮುಟ್ಟಿಸ್ಕೊಂಡು ಬಂದಿದೀನಿ. ಮಂಡಿಗೆ ಕಟ್ಕೋ, ನೋವು ಹೋಗುತ್ತೆ” ಅಂದಳು.

ಅವಳು ಹೊಸೂರಿನ ಫ್ಯಾಕ್ಟರಿಯಲ್ಲಿ ಕೆಲಸ ಮಾಡುವ ಹುಡುಗಿ. ಜೊತೆಯ ಕ್ರೈಸ್ತರ ಹುಡುಗಿಯರು ಈಸ್ಟರಿಗೆ ಮುಂಚಿನ ತಪಸ್ಸುಕಾಲದಲ್ಲಿ ಹಳೆಯ ಚರ್ಚುಗಳಿಗೆ ಕಾಲ್ನಡಿಗೆಯಲ್ಲಿ ಹೊರಟರೆಂದು ತಾನೂ ಹೋಗಿದ್ದಳು. ಯಾವ ಚರ್ಚು ಎಂದು ಕೇಳಿದೆ. ಮತ್ತಿಗಿರಿಯಿಂದ ಶುರು ಮಾಡಿ, ಶೂಳಗಿರಿ ದಾಟಿ, ಕೊನೆಗೆ ಕೃಷ್ಣಗಿರಿ ಆಚೆ ಬಂಡೆಗುಡ್ಡದ ಕೆಳಗಿನ ದೊಡ್ಡ ಚರ್ಚು ಅಂದಳು. ನನಗಾದ ಸಂತೋಷವನ್ನು ಹೇಗೆ ಬರೆಯಲಿ? ಮೂರನೇ ಕ್ಲಾಸಿಗೇ ಶಾಲೆ ಬಿಟ್ಟವಳು, ಅಕ್ಷರ ಕೂಡಿಸುವಷ್ಟರಲ್ಲಿ ಮನಸ್ಸು ಮುಂದಕ್ಕೆ ಓಡಿಬಿಡುತ್ತದೆ. ನಾನು ತುಳಿದ ದಾರಿಯನ್ನೇ ನನ್ನ ಮಗು ಗೊತ್ತಿಲ್ಲದೆ ತುಳಿದು ಬಂದಿತ್ತು! ಕೂತಲ್ಲಿಂದಲೇ ಸಂಜೆ ಹಾಲಿನವನಿಗೂ ಕೂಗಿ ಹೇಳಿದೆ, ಎದುರು ಮನೆಯವರಿಗೂ ಹೇಳಿದೆ. ಹೇಳಿ ಮುಗಿದ ಮೇಲೆ, ಆ ದಾರಿಯನ್ನು ನನಗೆ ತೋರಿಸಿದವಳು ನೆನಪಾಗಿ ಮೊಮ್ಮಗಳಿಗೆ ಅವಳ ಕಥೆ ಹೇಳತೊಡಗಿದೆ...

ಅವಳನ್ನು ನಾನು ಅಕ್ಕ ಎಂದೇ ಕರೆಯುತ್ತಿದ್ದೆ. ನಾನು ತೊರಪಲ್ಲಿ ಅಗ್ರಹಾರದ ಪಕ್ಕದ ಈ ಊರಿಗೆ ಸೊಸೆಯಾಗಿ ಬಂದಾಗ ಅವಳ ಮನೆ ನಮ್ಮ ಹಿತ್ತಿಲಿಗೆ ಬೆನ್ನು ಹಾಕಿಕೊಂಡಿತ್ತು. ಊರಿನಲ್ಲಿ ಕ್ರೈಸ್ತರ ಮನೆಗಳು ಬೆರಳೆಣಿಕೆಯಷ್ಟು. ಅವಳ ತಂದೆ ಉಪದೇಶಿಯಾಗಿದ್ದರಂತೆ, ಹಳ್ಳಿ ಹಳ್ಳಿಗೆ ನಡೆದು ಹೋಗಿ ಜಪ ಹೇಳಿಕೊಡುತ್ತಿದ್ದವರು. ಹಾಗಾಗಿ ಈ ಸೀಮೆಯ ಹಳೆಯ ಚರ್ಚುಗಳೂ ಅವುಗಳ ದಾರಿಯೂ ದಾರಿಯ ಬಾವಿಗಳೂ ಅವಳಿಗೆ ತವರುಮನೆಯಿದ್ದ ಹಾಗೆ. ಗಂಡ ತೀರಿಹೋಗಿದ್ದ. ಇದ್ದವನು ಒಬ್ಬನೇ ಮಗ. ಕುದುರೆ, ಹೇಸರಗತ್ತೆ ಪಳಗಿಸುವುದರಲ್ಲಿ ಕೈ ಚೆನ್ನಾಗಿದೆಯೆಂದು ಪಟಾಲಮ್ಮಿಗೆ ಸೇರಿಸಿಕೊಂಡು ಯುದ್ಧಕ್ಕೆಂದು ಬರ್ಮಾ ಕಡೆಗೆ ಕರೆದುಕೊಂಡು ಹೋಗಿದ್ದರು. ಹೋದವನಿಂದ ಸುದ್ದಿ ನಿಂತುಹೋಗಿತ್ತು.

ಪ್ರತಿ ವರ್ಷ ಬೇಸಗೆ ಹತ್ತುವ ಹೊತ್ತಿಗೆ ಅಕ್ಕ ಜನ ಕಟ್ಟಿಕೊಂಡು ಹೊರಡುತ್ತಿದ್ದಳು. ಮುಂದೆ ಅವಳು, ಕೈಯಲ್ಲಿ ತುದಿಗೆ ಪುಟ್ಟ ಶಿಲುಬೆ ಕಟ್ಟಿದ ಬಿದಿರುಕೋಲು. ಹಿಂದೆ ತಮಿಳರು, ತೆಲುಗರು, ನಮ್ಮವರು. ಅವಳು ಮೂರು ಭಾಷೆಯಲ್ಲೂ ಗದರಬಲ್ಲವಳು. ಕ್ರೈಸ್ತರಲ್ಲದ ನಮ್ಮಂಥವರೂ ಹರಕೆ ಹೊತ್ತು ಜೊತೆಗೆ ಹೋಗುತ್ತಿದ್ದರು, ಯಾರೂ ಬೇಡವೆನ್ನುತ್ತಿರಲಿಲ್ಲ. ಆ ವರ್ಷ ನನ್ನನ್ನೂ ಕಳಿಸಿಕೊಡಿ ಎಂದು ನಮ್ಮತ್ತೆಯನ್ನು ಕೇಳಿದಳು. ಅತ್ತೆ ಚರ್ಚಿನ ಹೊಸಿಲು ತುಳಿದವರಲ್ಲ, ಆದರೆ ಅಕ್ಕನ ಮಾತನ್ನು ತೆಗೆದುಹಾಕುವವರೂ ಅಲ್ಲ. ನಮ್ಮ ಹುಡುಗಿಗೆ ಕಾಲು ನೋವು ಬಂದರೆ ನೀನೇ ಹೊತ್ತುಕೊಂಡು ಬರಬೇಕು ಎಂದು ಹೇಳಿ ರಾಗಿರೊಟ್ಟಿ ಕಟ್ಟಿಕೊಟ್ಟರು.

ದಾರಿಯನ್ನು ಅಕ್ಕ ಮೈಲಿಯಲ್ಲಿ ಹೇಳುತ್ತಿರಲಿಲ್ಲ. ಬಾಯಿಗೆ ಎಲೆಯಡಿಕೆ ಹಾಕಿಕೊಂಡರೆ ಅದು ಮುಗಿಯುವಷ್ಟು ಹೊತ್ತಿನ ನಡಿಗೆ ಅವಳಿಗೆ ಒಂದು ಅಳತೆ. ಯಾರಾದರೂ ಇನ್ನೆಷ್ಟು ದೂರ ಎಂದರೆ “ಇನ್ನೊಂದೇ ಎಲಡಿಕೆ” ಅನ್ನುವಳು. ಶೂಳಗಿರಿ ಮುಟ್ಟುವಷ್ಟರಲ್ಲಿ ಆ ಒಂದೇ ಎಲಡಿಕೆ ಎಷ್ಟು ಸಲ ಮುಗಿದು ಎಷ್ಟು ಸಲ ಶುರುವಾಯಿತೋ! ಎಲ್ಲರೂ ನಗುತ್ತಾ ಬೈಯುತ್ತಾ ನಡೆದೆವು. ಒಂದೊಂದು ಚರ್ಚಿಗೆ ಬಂದಾಗಲೂ ಬಾಗಿಲಲ್ಲಿ ನಿಲ್ಲಿಸಿ, ಒಳಗೆ ಹೋಗುವ ಮುಂಚೆ ಗೋಡೆಗೆ ಅಂಗೈ ಇಡಿ ಎನ್ನುತ್ತಿದ್ದಳು. ಹೊರಗೆ ಸುಡುಬಿಸಿಲಾದರೂ ಆ ದಪ್ಪ ಗಾರೆ ಗೋಡೆ ಒಳಗಿನಿಂದ ತಣ್ಣಗಿರುತ್ತಿತ್ತು. “ಕಟ್ದೋರ ಕೈ ಇನ್ನೂ ತಣ್ಣಗೈತೆ ನೋಡ್ರಿ” ಎನ್ನುವಳು. ಒಳಗೆ ಹೋದ ಮೇಲೆ ಕಾಯಿಲೆಯವರ, ಊರು ಬಿಟ್ಟು ಹೋದವರ ಹೆಸರನ್ನು ಒಬ್ಬೊಬ್ಬರಾಗಿ ಗಟ್ಟಿಯಾಗಿ ಹೇಳಬೇಕು. ಅವಳು ಮಗನ ಹೆಸರನ್ನು ಎಲ್ಲರಿಗಿಂತ ಕೊನೆಗೆ ಹೇಳುತ್ತಿದ್ದಳು.

ಅವಳ ಕಂಕುಳಲ್ಲಿ ಒಂದು ಸಣ್ಣ ಮಡಕೆ ಇತ್ತು. ಬಾಯಿಗೆ ಬಟ್ಟೆ ಬಿಗಿದು, ಮೇಲೆ ಹುರಿಯಲ್ಲಿ ಸುತ್ತು ಸುತ್ತಿ ಕಟ್ಟಿದ್ದಳು. ಯಾರ ಕೈಗೂ ಕೊಡಲಿಲ್ಲ. ಜೊತೆಯಲ್ಲಿದ್ದ ಒಬ್ಬ ತಾತನಿಗೆ ಅದರ ಮೇಲೇ ಕಣ್ಣು. ಊಟಕ್ಕೆ ಕೂತಾಗಲೆಲ್ಲ, ಒಂದು ಚೂರು ಉಪ್ಪಿನಕಾಯಿ ಕೊಡವ್ವ ಎಂದು ಕೈ ಚಾಚುವನು. ಅಕ್ಕ ನಗದೆಯೇ “ಇನ್ನೂ ಊರಿಲ್ಲ ಕಣ್ ತಾತ” ಎಂದು ಮಡಕೆಯನ್ನು ಆ ಕಡೆಗೆ ಸರಿಸಿಕೊಳ್ಳುವಳು. ಅದರಲ್ಲಿ ಏನಿದೆಯೆಂದು ನನಗೆ ಹೇಳಿದ್ದು ಕೃಷ್ಣಗಿರಿಯ ಬೆಟ್ಟ ಕಾಣಿಸಿದ ಮೇಲೆ. ಮಗ ಪಟಾಲಮ್ಮಿಗೆ ಹೋಗುವ ಬೆಳಗ್ಗೆ ಬಿಚ್ಚಿಟ್ಟ ಗೀರಿನ ಅಂಗಿ. ಒಗೆದಿರಲಿಲ್ಲ. ಅವನ ಬೆವರು, ಕುದುರೆ ಲಾಯದ ಹುಲ್ಲಿನ ವಾಸನೆ ಹೊರಗೆ ಹೋಗಬಾರದೆಂದು ಮಡಕೆಗೆ ಹಾಕಿ ಬಾಯಿ ಕಟ್ಟಿದ್ದಳು. ತೀರಾ ತಡೆಯಲಾಗದ ದಿನ ಮಾತ್ರ ಬಿಚ್ಚಿ ಒಮ್ಮೆ ಮೂಸಿ ಮತ್ತೆ ಕಟ್ಟುತ್ತಿದ್ದಳಂತೆ. ಹೆಚ್ಚು ಬಿಚ್ಚಿದರೆ ಮುಗಿದುಹೋಗುತ್ತದಲ್ಲ...

ಬಂಡೆಗುಡ್ಡದ ಕೆಳಗಿನ ಚರ್ಚಿನಲ್ಲಿ ವರ್ಷಕ್ಕೊಂದು ದಿನ ಸಂತರೊಬ್ಬರ ಅವಶೇಷವನ್ನು ಹೊರಗೆ ತರುತ್ತಿದ್ದರು. ಸೂರ್ಯನ ಆಕಾರದ ಹಿತ್ತಾಳೆ ಕಂಬ, ನಡುವೆ ಗಾಜು, ಗಾಜಿನೊಳಗೆ ಅಕ್ಕಿಕಾಳಿನಷ್ಟು ಎಲುಬು. ಚರ್ಚಿನ ಪಾದ್ರಿ, ಗಡ್ಡದ ಸ್ವಾಮಿಯವರು, ಅದನ್ನು ಹಿಡಿದು ನಿಂತಿದ್ದರು. ಒಬ್ಬರು ಕೂಸಿನ ಕುಲಾವಿ ಮುಟ್ಟಿಸಿದರು, ಒಬ್ಬರು ಗಂಡನ ಟವೆಲು. ಅಕ್ಕ ಅಲ್ಲಿಯೇ ಹುರಿ ಬಿಚ್ಚಿದಳು. ಅಂಗಿಯ ಎದೆಭಾಗವನ್ನು ಗಾಜಿಗೆ ಒತ್ತಿ ಹಿಡಿದಳು. ಹಿಂದಿನವರು ತಳ್ಳುವವರೆಗೂ ತೆಗೆಯಲಿಲ್ಲ.

ವಾಪಸು ಬರುವಾಗ ಅವಳದೊಂದು ಕಟ್ಟಳೆ. ಕರೆದುಕೊಂಡು ಹೋದ ಪ್ರತಿಯೊಬ್ಬರನ್ನೂ ಅವರವರ ಹೊಸಿಲಿಗೆ ಮುಟ್ಟಿಸಿ ಆಮೇಲೆಯೇ ತನ್ನ ಬಾಗಿಲು ತೆಗೆಯಬೇಕು. ನನ್ನನ್ನು ಮನೆಗೆ ಬಿಟ್ಟಳು. ಪಕ್ಕದ ಹಳ್ಳಿಯ ಮುದುಕಿಯೊಬ್ಬಳಿಗೆ ಕಾಲು ಊದಿತ್ತು, ತೋಳು ಕೊಟ್ಟು ನಡೆಸಬೇಕಿತ್ತು. ಆಗ ಮೊದಲ ಸಲ ಮಡಕೆ ಕೆಳಗಿಳಿಸಿದಳು. ನಮ್ಮ ಜಗಲಿಯ ಮೂಲೆಯಲ್ಲಿಟ್ಟು, ಈಗ ಬರುತ್ತೇನೆ ಅತ್ತೆಮ್ಮ ಎಂದು ಹೊರಟಳು. ನಾನು ಕಾಲಿಗೆ ಬಿಸಿನೀರು ಹಾಕಿಸಿಕೊಂಡು ಗೋಡೆಗೆ ಒರಗಿದವಳು ನಿದ್ದೆ ಹೋಗಿಬಿಟ್ಟೆ.

ಎದ್ದಾಗ ಇಳಿಹೊತ್ತು. ನಮ್ಮ ಬೇಲಿಯ ಮೇಲೆ ಆ ಗೀರಿನ ಅಂಗಿ ಒಣಗುತ್ತಿತ್ತು.

ಆದದ್ದು ಇಷ್ಟು. ಉಪ್ಪಿನಕಾಯಿ ತಾತ ನೀರು ಕೇಳಲು ನಮ್ಮ ಮನೆಗೆ ಬಂದಿದ್ದಾನೆ. ಮಡಕೆ ನೋಡಿ, ಅದು ಉಪ್ಪಿನಕಾಯಿಯಲ್ಲವಂತೆ, ಮಗನ ಅಂಗಿಯಂತೆ, ಸಂತರ ಎಲುಬಿಗೆ ಮುಟ್ಟಿಸಿದಳು ಎಂದು ನಮ್ಮತ್ತೆಗೆ ಹೇಳಿ ಹೋಗಿದ್ದಾನೆ. ಸಾವಿನ ಮನೆಯಿಂದ ಬಂದರೆ ತಲೆಗೆ ನೀರು ಹಾಕಿಕೊಳ್ಳದೆ ನೀರಿನ ಕೊಡವನ್ನೂ ಮುಟ್ಟದ ಮನೆ ನಮ್ಮದು. ಯುದ್ಧದಲ್ಲಿರುವ ಹುಡುಗನ ಅಂಗಿಗೆ ಸತ್ತವರ ಎಲುಬು ಸೋಕಿದೆ ಎಂದರೆ ಅತ್ತೆ ಸುಮ್ಮನಿರುತ್ತಾರೆಯೇ? ಚೌಳುಮಣ್ಣು ಹಾಕಿ ತಿಕ್ಕಿದ್ದಾರೆ, ಕಲ್ಲಿಗೆ ಬಡಿದಿದ್ದಾರೆ, ಕೊನೆಯ ನೀರಿಗೆ ಚಿಟಿಕೆ ಅರಿಶಿನ ಹಾಕಿದ್ದಾರೆ. ತಮ್ಮ ಮಕ್ಕಳ ಬಟ್ಟೆಯನ್ನೂ ಅಷ್ಟು ಅಕ್ಕರೆಯಿಂದ ಒಗೆದಿರಲಾರರು.

ಅಕ್ಕ ಬಂದಳು. ಬೇಲಿಯ ಹತ್ತಿರ ನಿಂತಳು. ಅತ್ತೆ ಒಳಗಿನಿಂದ ಬಂದು, ಒಳ್ಳೆಯ ಕೆಲಸ ಮಾಡಿದವರ ಮುಖದಲ್ಲಿ ಹೇಳಿದರು: “ಸತ್ತೋರ ಎಲುಬು ಸೋಕಿದ್ ಬಟ್ಟೆ ಬದುಕಿರೋ ಮಗೀಗೆ ಆಗಕಿಲ್ಲ ಕಣಮ್ಮ. ಅದ್ಕೇ ಶುದ್ಧ ಮಾಡ್ದೆ.”

ಅಕ್ಕ ಅಂಗಿ ತೆಗೆದು ಮುಖಕ್ಕೆ ಒತ್ತಿಕೊಂಡಳು. ಕತ್ತಿನ ಪಟ್ಟಿ ಮೂಸಿದಳು. ತೋಳು ಒಳಮಗ್ಗುಲು ಮಾಡಿ ಕಂಕುಳ ಜಾಗ ಮೂಸಿದಳು. ಹಾಗೇ ನೆಲಕ್ಕೆ ಕೂತಳು.

“ಇಲ್ಲ” ಅಂದಳು.

“ಏನಿಲ್ಲ?”

“ನನ್ ಮಗ ಇದ್ದ ಅತ್ತೆಮ್ಮ, ಇದ್ರಾಗೆ. ಈಗಿಲ್ಲ.”

ಅತ್ತೆಗೆ ಅರ್ಥವಾಗಲು ಸ್ವಲ್ಪ ಹೊತ್ತು ಬೇಕಾಯಿತು. ಆದ ಮೇಲೆ ಅವರು ಅರಿಶಿನ ಹತ್ತಿದ ತಮ್ಮ ಕೈಗಳನ್ನೇ ನೋಡುತ್ತಾ ನಿಂತರು. ಅಕ್ಕನೇ ಎದ್ದು ಆ ಕೈ ಹಿಡಿದುಕೊಂಡಳು. ನೀವೂ ಅವನು ಬದುಕಲಿ ಅಂತಲೇ ತಾನೆ ಮಾಡಿದ್ದು ಎಂದಳು. ಬೈದಿದ್ದರೆ ಚೆನ್ನಾಗಿತ್ತು ಎಂದು ಅತ್ತೆ ಆಮೇಲೆ ಎಷ್ಟೋ ಸಲ ಹೇಳಿದ್ದುಂಟು.

ಆ ರಾತ್ರಿ ಅತ್ತೆ ಮುದ್ದೆ ಮುಟ್ಟಲಿಲ್ಲ. ಬೆಳಕು ಹರಿಯುವ ಮುಂಚೆ ಅಕ್ಕನ ಬಾಗಿಲಲ್ಲಿ ನಿಂತಿದ್ದರು, ಸೆರಗಲ್ಲಿ ರೊಟ್ಟಿ ಕಟ್ಟಿಕೊಂಡು.

“ಏಳಮ್ಮ, ದಾರಿ ತೋರ್ಸು. ಅಂಗೀನ ಇನ್ನೊಂದ್ ಸಲ ಮುಟ್ಟಿಸ್ಕಂಡ್ ಬರಾನ. ಮಡಕೆ ನಾನ್ ಹೊತ್ಕಂಡ್ ಬತ್ತೀನಿ.”

ಹಬ್ಬ ಮುಗಿದಿದೆ, ಈಗ ಹೋದರೆ ಏನೂ ಸಿಗುವುದಿಲ್ಲ ಎಂದು ಅಕ್ಕ ಹೇಳಿ ನೋಡಿದಳು. ಅತ್ತೆ ಕೇಳಲಿಲ್ಲ. ನಾನು ಗುಳ್ಳೆ ಎದ್ದ ಕಾಲಲ್ಲೇ ಹಿಂದೆ ಹೊರಟೆ. ಮೂವರೇ ಹೆಂಗಸರು. ಅತ್ತೆ ಅಂಗಿಯಿಟ್ಟ ಮಡಕೆಯನ್ನು ಕೂಸಿನಂತೆ ಕಂಕುಳಲ್ಲಿಟ್ಟುಕೊಂಡು ನಡೆದರು. ದಾರಿಯುದ್ದಕ್ಕೂ ಇನ್ನೆಷ್ಟು ಎಲಡಿಕೆ ಎಂದು ಕೇಳುವರು, ಒಂದೇ ಎಂದು ಅಕ್ಕ ಹೇಳುವಳು. ಕಡೆಗೆ ಅತ್ತೆ, “ನಿನ್ ಎಲಡಿಕೆ ಜಗಿಯಾಕೆ ಬಾಯಾಗೆ ಹಲ್ಲೇ ಉಳಿಯಾಕಿಲ್ಲ ಕಣೆ” ಅಂದರು. ಅಕ್ಕ ನಕ್ಕಳು. ಆ ಅಂಗಿ ಒಗೆದ ಮೇಲೆ ಅವಳು ನಕ್ಕದ್ದು ಅದೇ ಮೊದಲು.

ಅಕ್ಕ ಹೇಳಿದ ಹಾಗೇ ಆಯಿತು. ಚರ್ಚಿನ ಬಾಗಿಲು ಹಾಕಿತ್ತು. ಕಾವಲಿದ್ದ ಮುದುಕ ತಮಿಳಿನಲ್ಲಿ, ಅವಶೇಷ ಪೆಟ್ಟಿಗೆ ಸೇರಿದೆ, ಸ್ವಾಮಿಯವರು ಬೇರೆ ಊರಿಗೆ ಹೋಗಿದ್ದಾರೆ, ಇನ್ನು ಬರುವ ವರ್ಷವೇ ಅಂದ. ಅತ್ತೆ ಮೆಟ್ಟಿಲ ಮೇಲೆ ಕೂತರು. ಇಲ್ಲಿ ಏನು ಹೇಳಬೇಕಮ್ಮ, ನನಗೆ ನಿಮ್ಮ ಜಪ ಬರುವುದಿಲ್ಲ ಎಂದರು. ಹೆಸರು ಹೇಳಿದರೆ ಸಾಕು ಎಂದಳು ಅಕ್ಕ.

ಅತ್ತೆ ಎದ್ದರು. ಗೋಡೆಗೆ ಅಂಗೈ ಇಟ್ಟರು. ಅದನ್ನು ಅವರಿಗೆ ಯಾರೂ ಹೇಳಿಕೊಟ್ಟಿರಲಿಲ್ಲ. ಮಡಕೆಯನ್ನು ಹೊಸಿಲ ಮೇಲಿಟ್ಟು, ಆ ಹುಡುಗನ ಹೆಸರು ಹಿಡಿದು ಕೂಗಿದರು, ಹೊಲದಲ್ಲಿ ಕೆಲಸ ಮಾಡುವವನನ್ನು ಊಟಕ್ಕೆ ಕರೆಯುವ ಹಾಗೆ.

“ಬಾರ್ಲಾ, ಹೊತ್ತಾತು. ನಿಮ್ಮವ್ವ ಕಾಯ್ತಾವ್ಳೆ ಕಣ್ಲಾ.”

ಆ ಕೂಗು ಬಂಡೆಗುಡ್ಡಕ್ಕೆ ಬಡಿದು ವಾಪಸು ಬಂತು. ಅಕ್ಕ ಅಲ್ಲಿಯವರೆಗೆ ನನ್ನ ಮುಂದೆ ಅತ್ತವಳಲ್ಲ. ಅವತ್ತು ಅತ್ತೆಯ ಹೆಗಲ ಮೇಲೆ ತಲೆಯಿಟ್ಟು ಅತ್ತಳು...

ಅವನು ಬರಲಿಲ್ಲ. ಯುದ್ಧ ಮುಗಿಯಿತು ಅಂದರು. ಮತ್ತಿಗಿರಿಯ ಕಡೆಯ ಹುಡುಗರು ಕೆಲವರು ಬಂದರು. ಅಕ್ಕ ಒಬ್ಬೊಬ್ಬರ ಮನೆಗೂ ನಡೆದು ಹೋಗಿ ಕೇಳಿದಳು. ನೋಡಿದೆ ಎಂದವರಿಲ್ಲ, ಸತ್ತ ಎಂದವರೂ ಇಲ್ಲ. ಆಮೇಲೆ ಅವಳ ತಮ್ಮ, ಕೋಲಾರದ ಚಿನ್ನದ ಗಣಿಯಲ್ಲಿದ್ದವನು, ಬಂದು ಕರೆದುಕೊಂಡು ಹೋದ. ಹೊರಡುವ ದಿನ ಅಂಗಿಯನ್ನು ಎದೆಗೆ ಸುತ್ತಿ ಮೇಲೆ ಸೆರಗು ಹೊದ್ದಿದ್ದಳು. ವಾಸನೆ ಹೋದರೇನು, ಅವನ ಮೈಯಳತೆ ಉಳಿದಿದೆಯಲ್ಲ ಎಂದಳು. ಮಡಕೆಯನ್ನು ಅತ್ತೆಯ ಕೈಗೆ ಕೊಟ್ಟಳು. ನನಗೆ ತನ್ನದೊಂದು ನೀಲಿ ಸೀರೆ ಕೊಟ್ಟಳು. ಇನ್ನೊಂದು ಬೇಸಗೆಗೆ ಬಂದು ಎಲ್ಲರನ್ನೂ ನಡೆಸಿಕೊಂಡು ಹೋಗುತ್ತೇನೆ ಅಂದಿದ್ದಳು. ಬರಲಿಲ್ಲ. ಆ ಬೇಸಗೆ, ಅದರ ಮುಂದಿನ ಬೇಸಗೆ, ಅತ್ತೆ ಬಾಗಿಲಲ್ಲಿ ಕೂತು ದಾರಿ ನೋಡುತ್ತಿದ್ದರು. ತಾವು ಕಣ್ಣು ಮುಚ್ಚುವವರೆಗೂ ಆ ಮಡಕೆಗೆ ಉಪ್ಪಾಗಲಿ ಹುಣಸೆಯಾಗಲಿ ಹಾಕಲು ಬಿಡಲಿಲ್ಲ.

ಇದನ್ನೆಲ್ಲ ಹೇಳಿ ಮುಗಿಸುವಷ್ಟರಲ್ಲಿ ಮೊಮ್ಮಗಳು ಗುಳ್ಳೆಯೆದ್ದ ಕಾಲು ಚಾಚಿಕೊಂಡು ಬಾಯಿ ಬಿಟ್ಟು ಕೇಳುತ್ತಿದ್ದಳು. ನೀನು ಗೋಡೆಗೆ ಕೈ ಇಟ್ಟೆಯಾ ಎಂದು ಕೇಳಿದೆ. ಇಟ್ಟೆ ಅಜ್ಜಿ, ಕೈ ಇಟ್ಟು ಒರಗಿಕೊಂಡೆ, ತಣ್ಣಗಿತ್ತು ಅಂದಳು. ನನ್ನ ಜೀವ ತಂಪಾಯಿತು.

ಅಷ್ಟರಲ್ಲಿ ಸೊಸೆ ಬಂದು ಚೀಲದ ಬಟ್ಟೆಗಳನ್ನೆಲ್ಲ ನೆನೆಹಾಕಲು ಬಾಚಿಕೊಂಡಳು. ನನ್ನ ಮಡಿಲಿನ ಕರ್ಚೀಫಿಗೂ ಕೈ ಹಾಕಿದಳು.

“ಇದೊಂದ್ ಬ್ಯಾಡ ಕಣಮ್ಮ” ಅಂದೆ.

ಬೆವರು ವಾಸನೆ ಅಜ್ಜಿ ಎಂದು ಮೊಮ್ಮಗಳು ನಾಚಿಕೊಂಡಳು. ಹೌದು, ಅವಳದೇ. ಮೇಣ, ಹೂವು ಎಲ್ಲದರ ಕೆಳಗೆ, ಕೂಸಾಗಿದ್ದಾಗ ನನ್ನ ಹೆಗಲ ಮೇಲೆ ಮಲಗುತ್ತಿದ್ದ ಅದೇ ಮಗು. ನಾನು ಅದನ್ನು ಮಂಡಿಗೆ ಕಟ್ಟಿಕೊಳ್ಳಲಿಲ್ಲ. ಮುಚ್ಚಳ ಬಿಗಿಯಾಗಿರುವ ಸ್ಟೀಲು ಡಬ್ಬಿ ಹುಡುಕಿ ಅದರಲ್ಲಿಟ್ಟೆ. ಇಡುವಾಗ ಅಕ್ಕ ಕೊಟ್ಟ ನೀಲಿ ಸೀರೆ ನೆನಪಾಯಿತು. ಅದು ಬಂದ ದಿನವೇ, ಎಲ್ಲ ಬಟ್ಟೆಯಂತೆ, ಒಗೆದು ಒಣಹಾಕಿ ಉಟ್ಟಿದ್ದೆ. ಹರಿಯುವವರೆಗೂ ಉಟ್ಟೆ. ಆಮೇಲೆ ಮಕ್ಕಳಿಗೆ ತೊಟ್ಟಿಲು ಕಟ್ಟಿದೆ. ಅಕ್ಕ ಹೇಗೆ ನಗುತ್ತಿದ್ದಳು, ಹೇಗೆ ಗದರುತ್ತಿದ್ದಳು ಎಲ್ಲ ಹೇಳಬಲ್ಲೆ... ಅವಳ ವಾಸನೆ ಹೇಗಿತ್ತು ಎಂದು ಯಾರಾದರೂ ಕೇಳಿದರೆ ನನ್ನ ಹತ್ತಿರ ಒಂದು ಎಳೆಯೂ ಇಲ್ಲ.