ಆದೇಶ ಓದಿ ಕೊಡುವ ಅಮೀನರು

ಬೆಳಗಿನ ಐದೂವರೆ. ಮೂರನೇ ಮಹಡಿಯ ಬಾಗಿಲ ಮುಂದೆ, ಕೋರ್ಟಿನ ಕಾಗದಗಳನ್ನು ಮನೆಮನೆಗೆ ತಲುಪಿಸುವ ಅಮೀನರು ನಿಂತಿದ್ದಾರೆ. ಹೊತ್ತೇರಿದರೆ ಮನೆಯವರು ಕೈಗೆ ಸಿಗುವುದಿಲ್ಲ ಎಂಬುದು ಇಪ್ಪತ್ತಾರು ವರ್ಷದ ಅನುಭವ. ಕೈಯಲ್ಲಿ ನ್ಯಾಯಾಲಯದ ಆದೇಶ: ತಂದೆ ಪ್ರತಿ ಭಾನುವಾರ ಮಗಳನ್ನು ತಾಯಿಯ ಬಳಿಗೆ ಕಳಿಸಬೇಕು.

ತೀರ್ಪು ಕೊಟ್ಟವರನ್ನು, ವಾದ ಮಾಡಿದವರನ್ನು ಊರೆಲ್ಲ ಬಲ್ಲದು. ಅದನ್ನು ಮನೆಬಾಗಿಲಿಗೆ ಹೊತ್ತು ತರುವವರನ್ನು ಕೇಳುವವರೇ ಇಲ್ಲ. ದಿನಕ್ಕೆ ಹದಿನೈದು ಬಾಗಿಲು ತಟ್ಟಿದರೆ ಆರು ತೆರೆಯುತ್ತವೆ. ಅಮೀನರಿಗೆ ಎರಡು ಸಲ ನಾಯಿ ಕಚ್ಚಿದೆ. "ನಾಯಿಗಳು ಮಾತ್ರ ಯಾವತ್ತೂ ಮನೇಲಿರ್ತವೆ" ಎಂದು ನಗುತ್ತಾರೆ.

ಈ ಮನೆಯ ಮಾತು ಬಂದರೆ ಮಾತ್ರ ಆ ನಗು ಇಂಗಿಹೋಗುತ್ತದೆ. ನಾಲ್ಕು ತಿಂಗಳ ಹಿಂದೆ ಇದೇ ಆದೇಶ ತಂದಾಗ "ನಾನೇ" ಎಂದು ಸಹಿ ಹಾಕಿದವನು ಮಗುವಿನ ತಂದೆಯಲ್ಲ, ಅವನ ತಮ್ಮ. ಮಗಳು ಬರಲಿಲ್ಲ. ತಾಯಿ ನ್ಯಾಯಾಂಗ ನಿಂದನೆಯ ಅರ್ಜಿ ಹಾಕಿದಳು. ಆದೇಶ ತನಗೆ ತಲುಪಿಯೇ ಇಲ್ಲ, ಸಹಿಯೂ ತನ್ನದಲ್ಲ ಎಂದು ತಂದೆ ಕೈತೊಳೆದುಕೊಂಡ. ಅರ್ಜಿ ಬಿದ್ದುಹೋಯಿತು. ಖುದ್ದು ಅವನ ಕೈಗೇ ಕೊಡಿ ಎಂದರು ನ್ಯಾಯಾಧೀಶರು.

"ತಪ್ಪು ನಂದೇ. ಗುರುತು ಕೇಳ್ಬೇಕಿತ್ತು, ಕೇಳ್ಲಿಲ್ಲ" ಎನ್ನುತ್ತಾರೆ ಅಮೀನರು. ತಾಯಿ ಬೈಯಲಿಲ್ಲವಂತೆ. "ಈ ಸಲ ಸರಿಯಾಗಿ ಕೊಡಿ ಅಣ್ಣಾ" ಎಂದಳಂತೆ, ಅಷ್ಟೆ. ಆ ಮಾತು ಅವರ ಎದೆಯಲ್ಲಿ ಇನ್ನೂ ಕೂತಿದೆ. ಅಂದಿನಿಂದ ಅವರು ಗುರುತು ನೋಡದೆ, ಆದೇಶವನ್ನು ಗಟ್ಟಿಯಾಗಿ ಓದಿ ಹೇಳದೆ ಯಾರ ಕೈಗೂ ಕಾಗದ ಕೊಟ್ಟಿಲ್ಲ. ಈ ಮನೆಯ ಆದೇಶವನ್ನೂ ತಾವೇ ಕೇಳಿ ಪಡೆದು ಬಂದಿದ್ದಾರೆ.

ಬಾಗಿಲು ತೆರೆಯುತ್ತದೆ. ತಾಯಿ ಕೊಟ್ಟ ಫೋಟೊ, ಎದುರಿನ ಮುಖ, ಎರಡನ್ನೂ ಹೋಲಿಸಿ ನೋಡುತ್ತಾರೆ. ತಂದೆಯೇ.

"ಇಟ್ಟು ಹೋಗ್ರೀ, ಓದ್ಕೋತೀನಿ."

"ಇಲ್ಲ ಸಾರ್. ನಾನೇ ಓದಿ ಹೇಳ್ಬೇಕು."

ಓದು ಮುಗಿಯುವ ಹೊತ್ತಿಗೆ ಒಳಕೋಣೆಯಿಂದ ಏಳು ವರ್ಷದ ಹುಡುಗಿ ಬಂದು ಗೋಡೆಗೊರಗಿ ನಿಂತಿರುತ್ತಾಳೆ.

"ಅಮ್ಮಂಗೆ ನಾನು ಬೇಡ ಅಂದಿದ್ರಲ್ಲ ಅಪ್ಪಾ?"

ತಂದೆ ತಲೆ ತಗ್ಗಿಸುತ್ತಾನೆ. ಕಾಗದದಲ್ಲಿ ಇಲ್ಲದ ಒಂದು ಮಾತನ್ನೂ ಆಡುವ ಅಧಿಕಾರ ಅಮೀನರಿಗಿಲ್ಲ. ಅವರು ಮೊದಲ ಪುಟಕ್ಕೆ ಮರಳಿ, "ಮಗಳನ್ನು ನೋಡಬೇಕೆಂದು ತಾಯಿ ಸಲ್ಲಿಸಿರುವ ಅರ್ಜಿ" ಎಂಬ ಸಾಲನ್ನು ಅವಳ ಕಡೆ ತಿರುಗಿ ನಿಧಾನವಾಗಿ ಓದುತ್ತಾರೆ. ಆಮೇಲೆ ತಂದೆಯಿಂದ ಸಹಿ ಪಡೆಯುತ್ತಾರೆ.

ಮೆಟ್ಟಿಲಿಳಿಯುವಾಗ ಅವರ ಕಣ್ಣು ತುಂಬಿದೆ.

"ಖುದ್ದಾಗಿ ಜಾರಿ ಮಾಡಿದೆ ಅಂತ ಕೋರ್ಟಿಗೆ ಕೊಡೋ ವರದೀಲಿ ಬರೀತೀನಿ. ಮಗೂಗೂ ತಲುಪ್ತು ಅಂತ ಬರೆಯೋಕೆ ಅದ್ರಲ್ಲಿ ಜಾಗ ಇಲ್ಲ."