ಕೈ ಮಾತ್ರ ಕಾಣುವ ನಟ

ಕುವೈತಿನ ಟಿವಿ ಧಾರಾವಾಹಿಗಳಲ್ಲಿ ಬೊನವೆಂಚರ್ ಹದಿನಾರು ವರ್ಷ ನಟಿಸಿದ್ದಾನೆ ಎಂದರೆ ನಂಬುವವರು ಕಡಿಮೆ. ಅವರ ತಪ್ಪೇನೂ ಇಲ್ಲ. ಪರದೆಯ ಮೇಲೆ ಇವನ ಮುಖವೇ ಬಂದಿರಲಿಲ್ಲ. ವಾರವಿಡೀ ಶುವೈಖಿನ ಗೋದಾಮಿನಲ್ಲಿ ಸ್ಟೋರ್‌ಕೀಪರ್. ರಜೆಯ ದಿನ ಧಾರಾವಾಹಿಯ ಶ್ರೀಮಂತರಿಗೆ ಕಾಫಿ ಕೊಡುವ ಆಳು. ಕ್ಯಾಮೆರಾಕ್ಕೆ ಬೇಕಾದದ್ದು ಇವನ ಕೈ. ಎಡಗೈಯಲ್ಲಿ ಹೂಜಿ, ಬಲಗೈಯಲ್ಲಿ ಪುಟ್ಟ ಬಟ್ಟಲು. ಒಂದು ಹನಿ ಚೆಲ್ಲಿದ್ದನ್ನೂ ಯಾರೂ ಕಂಡಿಲ್ಲ.

ಹೆಂಡತಿ ಆಗ್ನೆಸಳಿಗೆ ಅಷ್ಟೇ ಸಾಕಿತ್ತು. ಮದುವೆಯ ಉಂಗುರ ಕಂಡ ಕೂಡಲೇ, "ನಮ್ಮ ಇವ್ರು!" ಎಂದು ಹಿಗ್ಗುತ್ತಿದ್ದಳು. ಮಗಳು ಕ್ಲಾರಿಸ್ಸಾ ಮಾತ್ರ, "ಓನ್ಲಿ ಹ್ಯಾಂಡ್ಸ್, ಡ್ಯಾಡಿ?" ಎಂದು ನಗುವಳು. ಆ ನಗು ಅವನನ್ನು ಚುಚ್ಚುತ್ತಿತ್ತು. ಒಂದು ದಿನ ರೋಸಿಹೋಗಿ, "ಈ ರಂಜಾನಿನ ಧಾರಾವಾಹಿಯಲ್ಲಿ ಮುಖ ತೋರಿಸ್ತೇನೆ ನೋಡು!" ಎಂದುಬಿಟ್ಟ. ಹೇಳಿದ ಮೇಲೆ ಹೆದರಿದ. ತೋರಿಸುವವರು ಒಪ್ಪಬೇಕಲ್ಲ!

ಶೂಟಿಂಗಿನಲ್ಲಿ ನಿರ್ದೇಶಕ ಎಂದಿನಂತೆ ಹೇಳಿದ: ಒಮ್ಮೆ ಸುರಿ, ಖಾಲಿ ಬಟ್ಟಲು ತೆಗೆದುಕೊಂಡು ಹೊರಡು. ಹಿರಿಯ ನಟ ಕುಡಿದು ಬಟ್ಟಲು ಚಾಚಿದ. ಸಾಕೆನ್ನುವವನು ಬಟ್ಟಲನ್ನು ಅಲ್ಲಾಡಿಸಬೇಕು, ಇಲ್ಲವಾದರೆ ಮತ್ತೆ ಸುರಿಯಬೇಕು. ಇದು ಇಲ್ಲಿಯ ರಿವಾಜು. ಮಾತಿನ ಭರದಲ್ಲಿ ನಟ ಮರೆತ. ಬೊನವೆಂಚರ್ ಸುರಿದ. ಬಟ್ಟಲು ಮತ್ತೆ ಬಂತು, ಮತ್ತೆ ಸುರಿದ.

"ಖಲಾಸ್!" ನಿರ್ದೇಶಕ ಕೂಗಿದ. "ನೀನ್ಯಾಕೆ ಹೋಗಲಿಲ್ಲ?"

ಬೊನವೆಂಚರ್ ಹೂಜಿಯನ್ನು ಎದೆಗೊತ್ತಿಕೊಂಡ. ಇನ್ನು ಕೈಯೂ ಬೇಡ ಎಂದುಬಿಟ್ಟರೆ?

"ಅವರು ಅಲ್ಲಾಡಿಸಲಿಲ್ಲ, ಸರ್," ಎಂದ ತನ್ನ ಹರಕು ಅರಬಿಯಲ್ಲಿ.

ಹಿರಿಯ ನಟ ಕೈಯಲ್ಲಿದ್ದ ಬಟ್ಟಲನ್ನು ನೋಡಿಕೊಂಡು ಹೊಟ್ಟೆ ಹಿಡಿದು ನಕ್ಕ. "ಇವನು ಹೇಳುವುದೇ ಸರಿ. ದೃಶ್ಯದಲ್ಲಿ ಇದೂ ಇರಲಿ. ಇನ್ನೊಮ್ಮೆ ತೆಗೆಯಿರಿ, ಇವನ ಮುಖವೂ ಬರಲಿ."

ರಂಜಾನಿನ ಒಂದು ಸಂಜೆ ಮೂವರೂ ಟಿವಿಯ ಮುಂದೆ ಕೂತರು. ಬಂತು ಬೊನವೆಂಚರನ ಮುಖ: ಬೋಳು ತಲೆ, ಗಾಬರಿಬಿದ್ದ ಕಣ್ಣು, ಪೂರ್ತಿ ಏಳು ಸೆಕೆಂಡು. "ಕಾಲರಿನ ಗುಂಡಿ ಹಾಕ್ಲಿಕ್ಕೆ ಎಂಥ ಆಗಿತ್ತು ನಿಮ್ಗೆ?" ಎಂದು ಬೈಯುತ್ತಲೇ ಆಗ್ನೆಸ್ ಅತ್ತಳು.

ಕ್ಲಾರಿಸ್ಸಾ ಒಳಗೆ ಹೋಗಿ ಕೆಟಲಿನಲ್ಲಿ ಚಹಾ ತಂದು ಅಪ್ಪನಿಗೆ ಕೊಟ್ಟಳು. ಅವನು ಕುಡಿದು ಲೋಟ ಚಾಚಿದ, ಮತ್ತೆ ತುಂಬಿಸಿದಳು. ಅದನ್ನೂ ಕುಡಿದ, ಮತ್ತೆ ತುಂಬಿಸಿದಳು.

"ಸಾಕು ಮಾರಾಯ್ತಿ, ಹೊಟ್ಟೆಯಲ್ಲಿ ಜಾಗ ಇಲ್ಲ!"

"ನೀವು ಶೇಕ್ ಮಾಡ್ಲೇ ಇಲ್ಲ, ಡ್ಯಾಡಿ."

ಬೊನವೆಂಚರ್ ಮೂರನೆಯದನ್ನೂ ಕುಡಿದು ಮುಗಿಸಿ, ಲೋಟವನ್ನು ಅಲ್ಲಾಡಿಸದೆ ಮಗಳ ಮುಂದೆ ಹಿಡಿದ.