ಒಂದೇ ತಂಬಿಗೆ

ನಮ್ಮ ಅತ್ತೆಯ ಬಲಗೈ ತುಂಬ ಹಸಿರು ಗಾಜಿನ ಬಳೆಗಳು, ನಡುವೆ ಒಂದು ಸವೆದ ಬಂಗಾರದ ಬಳೆ. ಅವರು ತಂಬಿಗೆಯಿಂದ ನೀರು ಹೊಯ್ದರೆ ಅವೆಲ್ಲ ಒಟ್ಟಿಗೆ ಮಣಿಕಟ್ಟಿಗೆ ಜಾರಿ ಗಲ್ ಎನ್ನುತ್ತಿದ್ದವು. ಒಂದೇ ಸಲ. ಮನೆಯಲ್ಲಿ ಯಾರ ಬಳೆಯಾದರೂ ಎರಡನೆಯ ಸಲ ಗಲ್ ಎಂದರೆ ನೀರು ದಂಡವಾಯಿತೆಂದೇ ಅವರ ಲೆಕ್ಕ.

ನಾನು ಬಳ್ಳಾರಿಯಿಂದ ಆಂಧ್ರದ ಆದವಾನಿಗೆ ಸೊಸೆಯಾಗಿ ಬಂದದ್ದು ಎಪ್ಪತ್ತರ ದಶಕದ ಕೊನೆಗೆ. ಮಾವ ಹತ್ತಿ ವ್ಯಾಪಾರಸ್ಥರು. ಪಡಸಾಲೆಯಲ್ಲಿ ಗೋಡೆಗಡಿಯಾರ, ರೇಡಿಯೋ, ತೂಗುಮಂಚ ಎಲ್ಲ ಇದ್ದವು. ಪಾಯಖಾನೆ ಒಂದು ಇರಲಿಲ್ಲ. ಹೆಂಗಸರು ಬೆಳಕು ಹರಿಯುವ ಮುಂಚೆ ಜಿನ್ನಿಂಗ್ ಮಿಲ್ಲಿನ ಹಿಂದಿನ ಜಾಲಿಗಿಡಗಳ ಮರೆಗೆ ಹೋಗಬೇಕಿತ್ತು. ಆ ಕೆಲಸವನ್ನು ಯಾರೂ ಹೆಸರಿಟ್ಟು ಹೇಳುತ್ತಿರಲಿಲ್ಲ. ‘ತಂಬಿಗಿ ತಗೊಂಡು ಹೋಗ್ಯಾಳ’ ಎಂದರೆ ಮುಗಿಯಿತು, ಮತ್ತೇನೂ ಕೇಳಬೇಕಾಗಿಲ್ಲ. ನನಗೆ ನಾಚಿಕೆಯೂ ಆಗುತ್ತಿತ್ತು, ಹೆದರಿಕೆಯೂ ಆಗುತ್ತಿತ್ತು. ಬಸುರಾದ ಮೇಲಂತೂ ಮಧ್ಯಾಹ್ನದಿಂದಲೇ ನೀರು ಕುಡಿಯುವುದನ್ನು ಬಿಟ್ಟೆ. ಊಟವಾದ ಮೇಲೂ ನನ್ನ ಗ್ಲಾಸು ತುಂಬಿಯೇ ಉಳಿಯುವುದನ್ನು ಅತ್ತೆಯೊಬ್ಬರೇ ಗಮನಿಸಿದ್ದರು.

ಒಂದು ದಿನ ಆ ಗ್ಲಾಸನ್ನು ಒಯ್ದು ಮಾವನ ಮುಂದೆ ಕುಕ್ಕಿದರು.

“ನೋಡ್ರಿ, ಬಸುರಿ ಹೆಣ್ಮಗಳು ನೀರು ಕುಡಿಯಾಕ ಅಂಜಾಕ ಹತ್ಯಾಳ. ಮನ್ಯಾಗ ಪಾಯಖಾನಿ ಕಟ್ಟಸ್ರಿ.”

“ನಳದಾಗ ನೀರು ಬರೋದ ದಿನ ಬಿಟ್ಟು ದಿನ,” ಎಂದರು ಮಾವ. “ಪಾಯಖಾನ್ಯಾಗ ಸರಪಳಿ ಜಗ್ಗಿದ್ರ ಒಂದು ಕೊಡ ನೀರು ಹೋಗತೈತಂತ. ಅಷ್ಟು ನೀರು ಯಾರು ಹೊರತಾರ?”

“ಒಂದ ತಂಬಿಗ್ಯಾಗ ಆದ್ರ?”

ಮಾವ ಜೋರಾಗಿ ನಕ್ಕರು. “ಒಂದ ತಂಬಿಗ್ಯಾಗ ಆದ್ರ ನಾಳೇನ ಕಟ್ಟಸ್ತೀನಿ, ತಗೋ.”

ನಗುತ್ತಾ ಕೊಟ್ಟ ಮಾತಾದರೂ ಅತ್ತೆ ಅದನ್ನು ಗಟ್ಟಿಯಾಗಿ ಹಿಡಿದುಕೊಂಡರು. ಮರುದಿನ ಇಳಕಲ್ ಸೀರೆ ಉಟ್ಟು, ನೀರು ತುಂಬಿದ ಹಿತ್ತಾಳೆ ತಂಬಿಗೆ ಹಿಡಿದು, ಜೋಳದ ಹಿಟ್ಟಿನ ಉಂಡೆಗಳನ್ನು ಸೆರಗಿನಲ್ಲಿ ಕಟ್ಟಿಕೊಂಡು, ನನ್ನನ್ನೂ ಕರೆದುಕೊಂಡು ಬಜಾರಿಗೆ ನಡೆದರು. ಹಾಡುಹಗಲಿನಲ್ಲಿ ತಂಬಿಗೆ ಹಿಡಿದು ಬಜಾರಿಗೆ ಹೊರಟ ದೊಡ್ಡ ಮನೆಯ ಹೆಂಗಸನ್ನು ದಾರಿಯುದ್ದಕ್ಕೂ ಜನ ತಿರುತಿರುಗಿ ನೋಡಿದರು. ಪಾಯಖಾನೆ ಸಾಮಾನಿನ ಅಂಗಡಿಯವನಂತೂ ಅವರು ನೇರ ಕೂರುವ ಬೇಸಿನ್ನುಗಳ ಸಾಲಿಗೇ ಹೋದದ್ದನ್ನು ಕಂಡು ಗಲ್ಲಾ ಬಿಟ್ಟು ಓಡಿಬಂದ.

“ಅಮ್ಮಾ, ಇಕ್ಕಡ ಕಾದಮ್ಮಾ! ಇಲ್ಲಿ ಬ್ಯಾಡ್ರೀ, ಇವು ಮಾರಾಕ ಇಟ್ಟಾವು!”

ನಾನು ಸೆರಗನ್ನು ಬಾಯಿಗೆ ತುರುಕಿಕೊಂಡೆ. ಅತ್ತೆ ಮುಖದಲ್ಲಿ ನಗುವಿನ ಗೆರೆಯೂ ಇಲ್ಲ.

“ಗೊತ್ತೈತಪ್ಪಾ. ಗಡಿಗಿ ತಗೋಬೇಕಾದ್ರ ಬಾರಿಸಿ ನೋಡತೀವಿಲ್ಲೋ? ಇದನ್ನೂ ನೋಡೇ ಒಯ್ತೀನಿ.”

ಅಂಗಡಿಯವನು ಬೇರೆ ದಾರಿ ಕಾಣದೆ ಚರಂಡಿಯ ಪಕ್ಕ ಇಟ್ಟಿಗೆ ಜೋಡಿಸಿ, ಒಂದು ಬಿಳಿ ಪಿಂಗಾಣಿ ಬೇಸಿನ್ ಇಟ್ಟು, ಕೆಳಗೆ ಬಾಗಿದ ಕೊಳವೆ ಸಿಕ್ಕಿಸಿದ. ಅತ್ತೆ ಅದರಲ್ಲಿ ಹಿಟ್ಟಿನ ಉಂಡೆ ಇಟ್ಟು ನೀರು ಹೊಯ್ದರು. ಚಪ್ಪಟೆ ತಳದಲ್ಲಿ ಉಂಡೆ ಹಾಯಾಗಿ ಕೂತೇ ಇತ್ತು. ಮತ್ತೊಂದರಲ್ಲೂ ಅದೇ ಕಥೆ. ಅಷ್ಟರಲ್ಲಿ ಎದುರಿನ ಚಹಾ ಅಂಗಡಿಯ ಗಿರಾಕಿಗಳೆಲ್ಲ ಲೋಟ ಹಿಡಿದುಕೊಂಡೇ ಬಂದು ಸುತ್ತ ನಿಂತಿದ್ದರು. ಕೊನೆಗೆ ಅತ್ತೆ ಮೂಲೆಯಲ್ಲಿದ್ದ ಬೂದುಬಣ್ಣದ ಮೊಸಾಯಿಕ್ ಬೇಸಿನ್ ಕಡೆ ಕೈ ತೋರಿಸಿದರು. ಅದರ ತಳ ಕಡಿದಾಗಿ ಇಳಿದಿತ್ತು. ಅದರ ಕೊಳವೆಯ ಬಾಗಿನಲ್ಲಿ ಬೆರಳಗಲ ನೀರು ಮಾತ್ರ ನಿಲ್ಲುತ್ತಿತ್ತು, ವಾಸನೆ ತಡೆಯಲು ಅಷ್ಟು ಸಾಕಂತೆ. ಬಳೆ ಗಲ್ ಎಂದವು. ಉಂಡೆ ಮಾಯ! ಚಹಾದವರು ಹೋ ಎಂದರು.

“ಅದನ್ನ ಹಳ್ಳಿಯವ್ರು ಒಯ್ತಾರಮ್ಮಾ. ನಿಮ್ಮಂಥ ದೊಡ್ಡ ಮನಿಗೆ ಬಿಳೇದ ಚೆಂದ,” ಎಂದ ಅಂಗಡಿಯವನು.

“ಚೆಂದ ನೋಡಾಕ ಅಲ್ಲಿ ಯಾರು ಕುಂಡ್ರತಾರಪ್ಪಾ?”

ಸುದ್ದಿ ನಮಗಿಂತ ಮುಂಚೆ ಮನೆ ಮುಟ್ಟಿತ್ತು. ಮಾವ ಮಾತಿಗೆ ತಪ್ಪುವವರಲ್ಲ, ಗೊಣಗುತ್ತಲೇ ಗೌಂಡಿಯನ್ನು ಕರೆಸಿದರು. ಹಿತ್ತಿಲಲ್ಲಿ ಎರಡು ಗುಂಡಿ ತೋಡಿಸಿದ್ದಾಯಿತು. ಒಂದು ತುಂಬಿದರೆ ನೀರನ್ನು ಇನ್ನೊಂದಕ್ಕೆ ತಿರುಗಿಸಿ, ಮೊದಲಿನದನ್ನು ಒಣಗಿ ಮಣ್ಣಾಗಲು ಬಿಡುವುದು. ಕೆಲಸ ಮುಗಿದ ದಿನ ಅತ್ತೆ ಬಾಗಿಲಿಗೆ ಕುಂಕುಮ ಹಚ್ಚಿ, “ಮೊದಲು ನೀ ಹೋಗವ್ವಾ,” ಎಂದು ತಂಬಿಗೆಯನ್ನು ನನ್ನ ಕೈಗೆ ಕೊಟ್ಟರು. ಮಾವ ಪಡಸಾಲೆಯಲ್ಲಿ ಪೇಪರು ಹಿಡಿದು ಕೂತಿದ್ದರು, ಕಿವಿ ಮಾತ್ರ ಹಿತ್ತಿಲಲ್ಲಿತ್ತು. ನನ್ನ ಬಳೆ ಒಂದೇ ಸಲ ಗಲ್ ಎಂದವು. ಅದು ಕೇಳಿದ ಮೇಲೆಯೇ ಮಾವ ಪೇಪರಿನ ಪುಟ ತಿರುಗಿಸಿದರು ಎಂದು ಆಮೇಲೆ ಅತ್ತೆ ಹೇಳಿಕೊಂಡು ಹೇಳಿಕೊಂಡು ನಕ್ಕರು.

ಅಂದಿನಿಂದ ಹಿತ್ತಿಲ ಬಾಗಿಲ ಪಕ್ಕದ ಕಲ್ಲು ಅತ್ತೆಯ ಗಾದಿಯಾಯಿತು. ಅಲ್ಲಿ ಕೂತು ಅಕ್ಕಿ ಆರಿಸುತ್ತಾ ಎಲ್ಲರ ನೀರಿನ ಸದ್ದು ಕೇಳುವರು. ಕೂರುವ ಮುಂಚೆ ಬೇಸಿನ್ನಿಗೆ ಒಂದು ಬೊಗಸೆ ನೀರು ಚಿಮುಕಿಸಬೇಕು, ಆಮೇಲೆ ತಂಬಿಗೆಯ ನೀರನ್ನು ಒಂದೇ ಏಟಿಗೆ ಹೊಯ್ಯಬೇಕು. ಫಿನೈಲ್ ಸುರಿಯುವಂತಿಲ್ಲ. “ಗುಂಡ್ಯಾಗಿನ ಹುಳ ಸತ್ರ ಅವುಗಳ ಕೆಲಸ ನೀ ಮಾಡ್ತೀಯೇನು?” ಎಂದು ಗದರುವರು. ಮನೆಯಲ್ಲಾದ ಮದುವೆಗೆ ಬಂದ ಬೀಗರನ್ನೂ ಬಿಡಲಿಲ್ಲ. ಹಟ ಹಿಡಿದು ಬಯಲಿಗೇ ಹೋಗುತ್ತಿದ್ದ ಮಾವ ಒಂದು ಮಳೆಯ ದಿನ ಕಳ್ಳಹೆಜ್ಜೆಯಲ್ಲಿ ಒಳಗೆ ಹೋದರು. ಅವರಿಗೂ ಹೊರಗಿನಿಂದ ಕೂಗು ಬಿತ್ತು: “ಎರಡು ಸಲ ಸುರದ್ರಿ! ಕೇಳಸ್ತು!”

ಎಂಬತ್ತರ ದಶಕ ಮುಗಿಯುವ ಮುಂಚೆ ಅತ್ತೆ ಹೋದರು, ಕೈತುಂಬ ಬಳೆ ಇದ್ದಂತೆಯೇ. ಅಷ್ಟು ಹೊತ್ತಿಗೆ ಶಾಲೆಗೆ ಹೋಗುತ್ತಿದ್ದ ನನ್ನ ಮಗಳು ಒಂದು ದಿನವೂ ಆ ಜಾಲಿಗಿಡಗಳ ಮರೆಗೆ ಹೋದವಳಲ್ಲ. ನನ್ನ ತಾಯಿಯೂ ಕೇಳದೆ ಉಳಿದದ್ದನ್ನು ಈ ಹೆಂಗಸು ಒಂದು ತುಂಬಿದ ಗ್ಲಾಸು ನೋಡಿ ತಿಳಿದುಕೊಂಡಿದ್ದರು. ಆ ಋಣ ನನ್ನ ಮೇಲೆ ಹಾಗೇ ಇದೆ.

ಮಣ್ಣು ಮುಗಿಸಿ ಬಂದ ಸಂಜೆ ಮನೆ ತುಂಬ ನೆಂಟರು. ಮಾವ ಹಿತ್ತಿಲಲ್ಲಿ ಅತ್ತೆಯ ಕಲ್ಲಿನ ಮೇಲೆ ಕೂತಿದ್ದರು. ಒಳಗೆ ಯಾರೋ ಎರಡು ಸಲ ನೀರು ಹೊಯ್ದದ್ದು ಕೇಳಿಸಿತು.

“ಒಂದ ತಂಬಿಗಿ ಸಾಕಾಗತೈತವ್ವಾ,” ಎಂದು ಕೂಗಿದರು. “ಆಕಿ ನೋಡೇ ತಂದಾಳ.” ಕಣ್ಣೊರೆಸಿಕೊಂಡು ತಲೆ ಎತ್ತಿದಾಗ ಬಾಗಿಲಲ್ಲಿ ನಿಂತಿದ್ದ ನಾನು ಅವರಿಗೆ ಕಂಡೆ.

“ನೀ ನೀರು ಕುಡದೇನವ್ವಾ?”

ಮುಂಜಾನೆಯಿಂದ ಕುಡಿದಿರಲಿಲ್ಲ. ಒಳಗೆ ಹೋಗಿ ಗ್ಲಾಸು ತುಂಬಿಕೊಂಡು ಬಂದು, ಅವರ ಎದುರಿಗೇ ನಿಂತು ಪೂರ್ತಿ ಕುಡಿದೆ.